ಮೂರು ಪದಕ್ಕೆ ಒಂದು ಮಳೆಗಾಲ

ಕಾರವಾರದಲ್ಲಿ ನನ್ನದೊಂದು ಡಿಟಿಪಿ ಅಂಗಡಿ. ಲಗ್ನಪತ್ರಿಕೆ, ಬಿಲ್ ಬುಕ್ಕು, ಯಕ್ಷಗಾನದ ಕರಪತ್ರ, ಬೋಟಿಗೆ ಅಂಟಿಸುವ ಹೆಸರು, ಹುಟ್ಟುಹಬ್ಬದ ಫ್ಲೆಕ್ಸು. 20 ವರ್ಷದಿಂದ ದಿನವಿಡೀ ಅಕ್ಷರ ನೋಡುವುದೇ ಕೆಲಸ, ಆದರೆ ಅಕ್ಷರದ ಬಗ್ಗೆ ಯೋಚನೆ ಮಾಡಿದ್ದು ಕಡಿಮೆ. ಹೋದ ವರ್ಷ ಮೇ ಕೊನೆಯಲ್ಲಿ ಶಿರಸಿಯಿಂದ ಅಕ್ಕನ ಮಗಳು ವಾಟ್ಸಾಪಿನಲ್ಲಿ ಒಂದು ಚಿತ್ರ ಕಳಿಸಿದಳು. ಬಳ್ಳಿ ಹಬ್ಬಿದ ಹಾಗೆ ಒಂದು ಸಾಲು ಬರಹ. "ಮಾವಾ, ಇದು ಸರಿ ಇದ್ದಾ ನೋಡು. ಕೈಗೆ ಟ್ಯಾಟೂ ಹಾಕ್ಸವು ಹೇಳಿ ಇದ್ದಿ."

ಯಾವ ಭಾಷೆ ಅಂತ ಕೇಳಿದೆ. ಎಲ್ಫ್‌ಗಳ ಭಾಷೆ ಅಂದಳು. ಅದು ಯಾವ ರಾಜ್ಯದ್ದು ಅಂತ ಕೇಳುವಷ್ಟು ದಡ್ಡ ನಾನಲ್ಲ, ಆ ಸಿನಿಮಾಗಳನ್ನು ಟಿವಿಯಲ್ಲಿ ಅಲ್ಲಲ್ಲಿ ನೋಡಿದ್ದೆ. ಟೋಲ್ಕೀನ್ ಎಂಬ ಇಂಗ್ಲೆಂಡಿನ ಮಾಸ್ತರು ಬರೆದ 'ದಿ ಲಾರ್ಡ್ ಆಫ್ ದಿ ರಿಂಗ್ಸ್', 1954 ಮತ್ತು 1955ರಲ್ಲಿ ಮೂರು ಭಾಗವಾಗಿ ಬಂದ ದೊಡ್ಡ ಕಾದಂಬರಿ. ಅದರಲ್ಲಿ ಎಲ್ಫ್‌ಗಳು ಎಂಬ ಸಾವಿಲ್ಲದ ಜನ, ಅವರಿಗೆ ಅವರದೇ ಭಾಷೆ, ಅವರದೇ ಲಿಪಿ. ಸರಿ, ಅವಳು ಬರೆದದ್ದು ಸರಿ ಇದೆಯೋ ಇಲ್ಲವೋ ಹೇಳಲು ನನಗೇನು ಗೊತ್ತು?

ಆದರೆ ಚಿತ್ರ ನೋಡಿದ ಕೂಡಲೇ ಒಂದು ಅನುಮಾನ ಬಂತು. ಡಿಟಿಪಿಯವರಿಗೆ ಮಾತ್ರ ಬರುವ ಅನುಮಾನ ಅದು. ನುಡಿಯಲ್ಲೋ ಶ್ರೀಲಿಪಿಯಲ್ಲೋ ಟೈಪ್ ಮಾಡಿದ ಕಡತವನ್ನು ಆ ಫಾಂಟ್ ಇಲ್ಲದ ಕಂಪ್ಯೂಟರಿನಲ್ಲಿ ತೆರೆದರೆ ಹೇಗೆ ಕಾಣುತ್ತದೆ, ನೋಡಿದ್ದೀರಲ್ಲ? ಇಂಗ್ಲಿಷ್ ಅಕ್ಷರ, ಬಾಣ, ಚುಕ್ಕಿ ಎಲ್ಲ ಕಲಸಿ ಹಾಕಿದ ಹಾಗೆ. ಅಕ್ಷರಗಳಿಗೆ ಒಂದು ನಡಿಗೆ ಇರುತ್ತದೆ, ಒಂದೆರಡು ಅಕ್ಷರ ಜಾಸ್ತಿ ಬರುತ್ತವೆ, ಕೆಲವು ಅಪರೂಪಕ್ಕೆ ಬರುತ್ತವೆ. ಅವಳ ಸಾಲಿನಲ್ಲಿ ಆ ನಡಿಗೆ ಇರಲಿಲ್ಲ.

ಹೇಗೆ ಮಾಡಿದೆ ಅಂತ ಕೇಳಿದೆ. ಎಲ್ಲಿಂದಲೋ ತೆಂಗ್ವಾರ್ ಫಾಂಟ್ ಇಳಿಸಿಕೊಂಡು, ಇಂಗ್ಲಿಷಿನಲ್ಲಿ ಒಂದು ಸಾಲು ಟೈಪ್ ಮಾಡಿ, ಫಾಂಟ್ ಬದಲಾಯಿಸಿದ್ದಳು. ಅಷ್ಟೇ. ಅದನ್ನು ಜೀವಮಾನಪೂರ್ತಿ ಕೈ ಮೇಲೆ ಹೊತ್ತುಕೊಂಡು ತಿರುಗುವವಳಿದ್ದಳು!

ಫಾಂಟ್ ನಾನೂ ಇಳಿಸಿದೆ. ಅನುಮಾನ ನಿಜವಾಯಿತು. ತೆಂಗ್ವಾರ್ ಅಂದರೆ ಆ ಲಿಪಿಯ ಹೆಸರು. ಅದು ಇನ್ನೂ ಯೂನಿಕೋಡಿಗೆ ಸೇರಿಲ್ಲ, ಹಾಗಾಗಿ ಫಾಂಟ್ ಮಾಡಿದವರು ಅಕ್ಷರಗಳನ್ನು ಕೀಲಿಮಣೆಯ ಮೇಲೆ ತಮ್ಮ ಲೆಕ್ಕದಲ್ಲಿ ಕೂರಿಸಿದ್ದಾರೆ. 1 ಒತ್ತಿದರೆ 'ತ'. ಕ್ಯೂ ಒತ್ತಿದರೆ 'ಪ'. ಇಂಗ್ಲಿಷಿನ ಎ ಒತ್ತಿದರೆ 'ಕ'. ಲಿಪಿಯ ಕೋಷ್ಟಕ ಹೇಗಿದೆಯೋ ಹಾಗೇ ಕೀಲಿಮಣೆಯ ಮೇಲೆ ಮಲಗಿಸಿದ್ದಾರೆ. ಆ ಕೋಷ್ಟಕ ನೋಡಿದ ಮೇಲೆ ನನಗೆ ಆ ರಾತ್ರಿ ನಿದ್ದೆ ಬರಲಿಲ್ಲ.

ಯಾಕೆಂದರೆ ಅದು ನಮ್ಮದೇ ಕೋಷ್ಟಕ. ಕ ಖ ಗ ಘ ಙ, ಚ ಛ ಜ ಝ ಞ ಅಂತ ನಾವು ವರ್ಗ ಮಾಡಿ ಬರೆಯುತ್ತೇವಲ್ಲ, ಹಾಗೇ ಅಲ್ಲಿ 24 ಮುಖ್ಯ ಅಕ್ಷರಗಳು ನಾಲ್ಕು ವರ್ಗದಲ್ಲಿ ನಿಂತಿವೆ: ತ ವರ್ಗ, ಪ ವರ್ಗ, ಕ ವರ್ಗ, ಕ್ವ ವರ್ಗ. ನಾವು ಗಂಟಲಿನಿಂದ ಶುರುಮಾಡಿ ತುಟಿಗೆ ಬರುತ್ತೇವೆ, ಅವರದು ಹಲ್ಲಿನಿಂದ ಶುರು. ನಮ್ಮ ಲಿಪಿಯಲ್ಲೂ ಇಲ್ಲದ ಒಂದು ಅಚ್ಚುಕಟ್ಟು ಅದರಲ್ಲಿದೆ. ಪ್ರತಿ ಅಕ್ಷರಕ್ಕೂ ಒಂದು ಕಂಬ, ಒಂದು ಬಿಲ್ಲು. ಬಿಲ್ಲು ಒಂದಿದ್ದರೆ ತ, ಎರಡಾದರೆ ದ. ಅದೇ ಪ ವರ್ಗದಲ್ಲಿ ಪ, ಬ. ಕಂಬ ಮೇಲಕ್ಕೆ ಎದ್ದರೆ ಉಸಿರು ಸೇರುತ್ತದೆ. ಅಕ್ಷರದ ಆಕಾರವೇ ಅದು ಬಾಯಲ್ಲಿ ಎಲ್ಲಿ ಹುಟ್ಟುತ್ತದೆ ಅಂತ ಹೇಳಿಬಿಡುತ್ತದೆ.

ಇನ್ನು ಸ್ವರಗಳು. ವ್ಯಂಜನದ ತಲೆ ಮೇಲೆ ಚಿಹ್ನೆ. ಮೂರು ಚುಕ್ಕಿ ಇಟ್ಟರೆ ಅ, ಒಂದು ಚುಕ್ಕಿ ಇಟ್ಟರೆ ಇ. ಕಾಗುಣಿತವೇ ಅಲ್ವಾ ಇದು? 'ಅ' ಅಷ್ಟು ಸಲ ಬರುತ್ತದೆ ಅಂತ ಎಷ್ಟೋ ಸಲ ಆ ಚುಕ್ಕಿಗಳನ್ನು ಬಿಟ್ಟೇ ಬರೆಯುತ್ತಿದ್ದರು ಅಂತ ಟೋಲ್ಕೀನ್ ಕಾದಂಬರಿಯ ಕೊನೆಗಿರುವ ಅನುಬಂಧವೊಂದರಲ್ಲೇ ಹೇಳುತ್ತಾರೆ. 'ಕಲ್ಮ' ಅಂದರೆ ದೀಪ. ಬರೀ ಮೂರು ವ್ಯಂಜನ ಬರೆದರೂ ಓದುವವನು ಕಲ್ಮ ಅಂತಲೇ ಓದುತ್ತಾನೆ. ನಾವು 'ಕ' ಬರೆದು ಅದರೊಳಗಿನ ಅಕಾರಕ್ಕೆ ಚಿಹ್ನೆ ಹಾಕದೆ ಸುಮ್ಮನಿರುತ್ತೇವಲ್ಲ, ಹೆಚ್ಚುಕಡಿಮೆ ಅದೇ.

ಮರುದಿನ ಅಕ್ಕನ ಮಗಳಿಗೆ ಫೋನ್ ಮಾಡಿ ಹೇಳಿದೆ, ಟ್ಯಾಟೂ ಈಗ ಬೇಡ, ಲಿಪಿಯ ಮಾತು ಆಮೇಲೆ, ಮೊದಲು ಭಾಷೆ ಬೇಕು, ಒಂದು ತಿಂಗಳು ಕೊಡು, ನಾನೇ ಬರೆದುಕೊಡುತ್ತೇನೆ. ಒಂದು ತಿಂಗಳು! ಸೆಪ್ಟೆಂಬರ್ ಆಯಿತು.

ಯಾವ ಸಾಲು ಬೇಕು ಅಂದರೆ ಅವಳು ಎರಡು ದಿನ ಯೋಚಿಸಿ 'ಮಳೆ ನಿಂತರೂ ಮರದ ಹನಿ ನಿಲ್ಲದು' ಅಂದಳು. ಅವಳ ಅಜ್ಜಿ, ಅಂದರೆ ನನ್ನ ಆಯಿ, ದಿನಕ್ಕೆ ನಾಲ್ಕು ಸಲ ಹೇಳುತ್ತಿದ್ದ ಗಾದೆ. ಬೇಡ ಅನ್ನುವ ಹಾಗಿರಲಿಲ್ಲ.

ಎಲ್ಫ್‌ಗಳ ಭಾಷೆ ಒಂದಲ್ಲ ಅಂತ ಮೊದಲ ವಾರವೇ ಗೊತ್ತಾಯಿತು. ಮುಖ್ಯವಾಗಿ ಎರಡು, ಕ್ವೆನ್ಯ ಮತ್ತು ಸಿಂದಾರಿನ್. ಕ್ವೆನ್ಯದ ಹಿಂದೆ ಫಿನ್ನಿಶ್ ಇದೆ, ಸಿಂದಾರಿನ್ ಹಿಂದೆ ವೇಲ್ಸಿನ ವೆಲ್ಷ್ ಭಾಷೆ. ಟೋಲ್ಕೀನ್ ಆಕ್ಸ್‌ಫರ್ಡಿನಲ್ಲಿ ಓದುತ್ತಿದ್ದಾಗ ಕಾಲೇಜಿನ ಲೈಬ್ರರಿಯಲ್ಲಿ ಒಂದು ಫಿನ್ನಿಶ್ ವ್ಯಾಕರಣ ಪುಸ್ತಕ ಸಿಕ್ಕಿತಂತೆ. ಹಿಂದೆ ಎಂದೂ ಕುಡಿಯದ ವೈನಿನ ಬಾಟಲಿಗಳು ತುಂಬಿದ ನೆಲಮಾಳಿಗೆ ಸಿಕ್ಕಿದ ಹಾಗಾಯಿತು ಅಂತ ಮುಂದೆ ಒಂದು ಪತ್ರದಲ್ಲಿ ಬರೆದಿದ್ದಾರೆ. ನಮ್ಮವರಲ್ಲಿ ಕೆಲವರಿಗೆ ಮಾಜಾಳಿ ದಾಟಿ ಗೋವಾ ಗಡಿ ಹೊಕ್ಕ ಕೂಡಲೇ ಆಗುವ ಖುಷಿ ಅದು. ಇವರಿಗೆ ವ್ಯಾಕರಣ ಪುಸ್ತಕದಲ್ಲಿ ಆಯಿತು. ಇನ್ನೊಂದು ವಿಷಯ ಕೇಳಿ ನಾನು ನಕ್ಕುಬಿಟ್ಟೆ. ಮೊದಲು ಕಥೆ ಬರೆದು ಆಮೇಲೆ ಭಾಷೆ ಸೇರಿಸಿದ್ದಲ್ಲ. ಮೊದಲು ಭಾಷೆ, ಆ ಭಾಷೆ ಆಡುವವರಿಗೆ ಇರಲು ಒಂದು ಜಗತ್ತು ಬೇಕಲ್ಲ ಅಂತ ಕಥೆ. ಕೊಟ್ಟಿಗೆ ಕಟ್ಟಿ ಆಮೇಲೆ ಅದಕ್ಕೆ ತಕ್ಕ ಊರು ಕಟ್ಟಿದ ಹಾಗೆ.

ಕ್ವೆನ್ಯ ಕಲಿಯಲು ನಾರ್ವೆಯ ಹೆಲ್ಗೆ ಫೌಸ್ಕಾಂಗರ್ ಎಂಬವರು ಬರೆದ 20 ಪಾಠಗಳ ಒಂದು ಕೋರ್ಸ್ ಇದೆ. ಅದನ್ನು ಅಂಗಡಿಯಲ್ಲೇ ಪ್ರಿಂಟ್ ತೆಗೆದು ಸ್ಪೈರಲ್ ಹಾಕಿಸಿದೆ. ಜೂನ್ ಶುರುವಾಗಿತ್ತು. ಮಳೆಗಾಲದಲ್ಲಿ ನಮ್ಮಲ್ಲಿ ವ್ಯಾಪಾರ ಕಡಿಮೆ, ಮದುವೆ ಇಲ್ಲ, ಬೋಟುಗಳು ದಡದಲ್ಲಿ, ಕರೆಂಟು ಅದರ ಮನಸ್ಸಿಗೆ ಬಂದಾಗ. ಟೇಬಲ್ ಮೇಲೆ ಚಾರ್ಜಿಂಗ್ ಲೈಟ್ ಇಟ್ಟುಕೊಂಡು ಪಾಠ ಓದುತ್ತಿದ್ದೆ.

ಮೊದಲ ತೊಡಕು ಉಚ್ಚಾರ. ಇಂಗ್ಲಿಷಿನ ಟಿ ಕಂಡರೆ ನಮ್ಮ ನಾಲಿಗೆ ತಾನಾಗಿ 'ಟ' ಅನ್ನುತ್ತದೆ. ಎರಡು ಅನ್ನುವುದಕ್ಕೆ ಕ್ವೆನ್ಯದಲ್ಲಿ 'ಅತ್ತ'. ನಾನು ಒಂದು ವಾರ 'ಅಟ್ಟ' ಅನ್ನುತ್ತಿದ್ದೆ. ಕ್ವೆನ್ಯದಲ್ಲಿ ಟ ಡ ಣ ಳ ಒಂದೂ ಇಲ್ಲ, ಅದರ ತ ಹಲ್ಲಿಗೆ ತಾಗುವ ತ. ಇಂಗ್ಲಿಷ್ ಮಾಧ್ಯಮದ ಮಕ್ಕಳಿಗಿಂತ ನಮಗೇ ಇದು ಸಲೀಸು, ಕನ್ನಡ ಅಕ್ಷರದಲ್ಲಿ ಬರೆದುಕೊಂಡರೆ ಸಾಕು. ನನ್ನ ನೋಟ್‌ಬುಕ್ಕೆಲ್ಲ ಕನ್ನಡದಲ್ಲೇ ಇದೆ. ಎಲೆ ಅಂದರೆ 'ಲಸ್ಸೆ', ಎಲೆಗಳು 'ಲಸ್ಸಿ'. ಅಮ್ಮನಿಗೆ 'ಅಮ್ಮೆ'. ಮರಕ್ಕೆ 'ಅಲ್ದ'. ಇದನ್ನು ಹೇಳಿದಾಗ ಅಕ್ಕನ ಮಗಳು ಫೋನಿನಲ್ಲೇ ಬಿದ್ದು ಬಿದ್ದು ನಕ್ಕಳು. ನಮ್ಮ ಹವ್ಯಕರ ಮಾತಿನಲ್ಲಿ 'ಅಲ್ವಾ' ಅನ್ನುವುದಕ್ಕೆ 'ಅಲ್ದಾ' ಅನ್ನುತ್ತಾರೆ. "ಹಂಗಾರೆ ಶಿರಸಿ ಪೂರ್ತಿ ಮರ ಮರ ಹೇಳ್ತಾ ತಿರುಗ್ತಾ ಇದ್ದು, ಅಲ್ದಾ ಮಾವಾ?" ಇವೆಲ್ಲ ಆಕಸ್ಮಿಕ, ಸಂಬಂಧ ಏನೂ ಇಲ್ಲ. ಆದರೆ ಹೀಗೆ ಸಿಕ್ಕಿದ ಪದ ಮರೆಯುವುದಿಲ್ಲ.

ವಿಭಕ್ತಿ ಬಂದಾಗ ಮಾತ್ರ ನಾನು ಕುರ್ಚಿಯಲ್ಲಿ ನೆಟ್ಟಗೆ ಕೂತೆ. ಇಂಗ್ಲಿಷ್ ಓದುಗರಿಗೆ ಅದೊಂದು ಗುಡ್ಡ ಇರಬೇಕು, ಕೋರ್ಸಿನಲ್ಲಿ ಪುಟಗಟ್ಟಲೆ ವಿವರಣೆ ಇದೆ. 'ಕಿರ್ಯ' ಅಂದರೆ ಹಡಗು. ಕಿರ್ಯನ್ನ ಅಂದರೆ ಹಡಗಿಗೆ, ಹಡಗಿನತ್ತ. ಕಿರ್ಯಲ್ಲೊ ಅಂದರೆ ಹಡಗಿನಿಂದ. ಕಿರ್ಯಸ್ಸೆ ಅಂದರೆ ಹಡಗಿನಲ್ಲಿ. ಹೆಸರಿನ ಬಾಲಕ್ಕೆ ಪ್ರತ್ಯಯ ಅಂಟಿಸಿದರೆ ಮುಗಿಯಿತು. ಇಂಗ್ಲಿಷಿನವನು ಹಿಂದೆ ಮುಂದೆ ತಿರುಗಿಸಿ ಹೇಳುವುದನ್ನು ನಾವು ಹುಟ್ಟಿದಾಗಿನಿಂದ ಹೀಗೇ ಹೇಳುತ್ತಿದ್ದೇವೆ. ಈ ಹಡಗಿನ ಉದಾಹರಣೆ ನಾನು ಕಾರವಾರ ಅಂತ ಆರಿಸಿಕೊಂಡದ್ದಲ್ಲ, 1960ರ ದಶಕದಲ್ಲಿ ಅಮೆರಿಕದ ಪ್ಲಾಟ್ಜ್ ಎಂಬ ಓದುಗನಿಗೆ ಟೋಲ್ಕೀನ್ ಕಳಿಸಿದ ವಿಭಕ್ತಿಯ ಪಟ್ಟಿಯಲ್ಲೇ ಇರುವುದು ಹಡಗು ಮತ್ತು ಎಲೆ. ಈ ಭಾಷೆ ಓದುವವರಿಗೆಲ್ಲ ಆ ಒಂದು ಪಟ್ಟಿ ಪಂಚಾಂಗ ಇದ್ದ ಹಾಗೆ.

ಒಂದು ಸಂಕಟವನ್ನೂ ಹೇಳಬೇಕು. ಪ್ರಥಮಾ ಉ, ದ್ವಿತೀಯಾ ಅನ್ನು, ತೃತೀಯಾ ಇಂದ ಅಂತ ಶಾಲೆಯಲ್ಲಿ ಉರು ಹೊಡೆದಾಗ ಇದರಿಂದ ಏನು ಉಪಯೋಗ ಅಂತ ಒಬ್ಬರೂ ಹೇಳಿರಲಿಲ್ಲ. ಮೂವತ್ತು ವರ್ಷ ಕಳೆದು ಎಲ್ಫ್‌ಗಳ ಹಡಗು ಬಂದು ಹೇಳಬೇಕಾಯಿತು.

ಸಿಂದಾರಿನ್ ನಾನು ಒಂದೇ ವಾರ ನೋಡಿ ಬಿಟ್ಟೆ, ನನಗೆ ಕಷ್ಟ. ಆದರೆ ಅದರಲ್ಲೂ ಒಂದು ಕಡೆ ಸಿಕ್ಕಿಬಿದ್ದೆ. 'ಕಲೆನ್' ಅಂದರೆ ಹಸಿರು, 'ತೊಲ್' ಅಂದರೆ ದ್ವೀಪ. ಹಸಿರು ದ್ವೀಪ ಅನ್ನಲು ತೊಲ್ ಕಲೆನ್ ಅಲ್ಲ, ತೊಲ್ ಗಲೆನ್. 'ತಾಲ್' ಅಂದರೆ ಪಾದ, ಅದರ ಮುಂದೆ ಇಂಗ್ಲಿಷಿನ 'ದಿ' ಥರದ 'ಇ' ಬಂದರೆ ಇ ದಾಲ್. ಪ ಇದ್ದಲ್ಲಿ ಬ ಆಗುತ್ತದೆ. ಇದನ್ನು ಓದುತ್ತಿದ್ದಾಗ ಹೊರಗೆ ಧೋ ಅಂತ ಸುರಿಯುತ್ತಿತ್ತು. ಕ ತ ಪ ಇದ್ದಲ್ಲಿ ಗ ದ ಬ. ಇದನ್ನೆಲ್ಲೋ ಕೇಳಿದ್ದೇನಲ್ಲ, ಎಲ್ಲಿ, ಎಲ್ಲಿ ಅಂತ ತಲೆ ಕೆರೆದುಕೊಂಡು ಹತ್ತು ನಿಮಿಷ ಕೂತೆ. ಆದೇಶ ಸಂಧಿ! ಮಳೆ ಮತ್ತು ಕಾಲ ಸೇರಿ ಮಳೆಗಾಲ. ಬೆಟ್ಟ ಮತ್ತು ತಾವರೆ ಸೇರಿ ಬೆಟ್ಟದಾವರೆ. ಕಣ್ ಮತ್ತು ಪನಿ ಸೇರಿ ಕಂಬನಿ. ವೆಲ್ಷ್ ನೋಡಿಕೊಂಡು ಆ ಮಾಸ್ತರು ಕಟ್ಟಿದ ನಿಯಮ ನಾವು ಎಂಟನೇ ಕ್ಲಾಸಿನಲ್ಲಿ ಎರಡು ಮಾರ್ಕಿಗೆ ಬರೆದದ್ದೇ. ಬಾಯಿ ಎಲ್ಲ ಕಡೆ ಒಂದೇ, ಅದರ ಸೋಮಾರಿತನವೂ ಒಂದೇ.

ಟೋಲ್ಕೀನ್ ಈ ಎರಡು ಭಾಷೆಗಳಿಗೆ ಒಂದು ಮೂಲ ಭಾಷೆ ಕಟ್ಟಿ, ಅದರಿಂದ ಕಾಲಕಾಲಕ್ಕೆ ಉಚ್ಚಾರ ಹೇಗೆ ಸವೆಯಿತು ಅಂತ ನಿಯಮ ಇಟ್ಟು, ಎರಡನ್ನೂ ಬೇರೆ ಬೇರೆ ದಾರಿಯಲ್ಲಿ ಬೆಳೆಸಿದರು. ಕ್ವೆನ್ಯದ ಅಲ್ದ, ಸಿಂದಾರಿನ್‌ನಲ್ಲಿ ಗಲಧ್. ಒಂದೇ ಮರ, ಒಂದು ಕಡೆ ಗ ಉದುರಿ ಹೋಯಿತು, ಇನ್ನೊಂದು ಕಡೆ ಉಳಿಯಿತು. ತಮಿಳಿನಲ್ಲಿ ಪಾಲ್ ಹಾಗೇ ಉಳಿದು ನಮ್ಮಲ್ಲಿ ಹಾಲು ಆಯಿತಲ್ಲ, ಆ ಥರ. ಅವರು 1930ರ ದಶಕದಲ್ಲಿ ಬರೆದಿಟ್ಟ ಧಾತುಗಳ ಪಟ್ಟಿ 1987ರಲ್ಲಿ ಅಚ್ಚಾಯಿತು, ಅವರು ತೀರಿಕೊಂಡು 14 ವರ್ಷ ಆದ ಮೇಲೆ. ಆ ಪಟ್ಟಿ ನೋಡಿದರೆ ನಮ್ಮ ದ್ರಾವಿಡ ಭಾಷೆಗಳ ಧಾತುಕೋಶದ ನೆನಪಾಗುತ್ತದೆ, 1961ರಲ್ಲಿ ಬರೋ ಮತ್ತು ಎಮಿನೋ ತಂದದ್ದು. ಇನ್ನೊಂದು ಸ್ವಾರಸ್ಯ, ಆ ಬರೋ ಸಾಹೇಬರೂ ಟೋಲ್ಕೀನರೂ 1945ರಿಂದ 1959ರ ವರೆಗೆ ಒಂದೇ ಆಕ್ಸ್‌ಫರ್ಡಿನಲ್ಲಿ ಪ್ರೊಫೆಸರುಗಳು, ಒಬ್ಬರು ಸಂಸ್ಕೃತಕ್ಕೆ, ಇನ್ನೊಬ್ಬರು ಇಂಗ್ಲಿಷಿಗೆ. ಒಬ್ಬರು ಇದ್ದ ಭಾಷೆಗಳ ಬೇರು ಹುಡುಕುತ್ತಿದ್ದರು, ಇನ್ನೊಬ್ಬರು ಇಲ್ಲದ ಭಾಷೆಗಳಿಗೆ ಬೇರು ಬಿಡಿಸುತ್ತಿದ್ದರು.

ಜುಲೈಯಲ್ಲಿ ಗಾದೆ ಕೈಗೆತ್ತಿಕೊಂಡೆ. ಮೊದಲ ಪದಕ್ಕೇ ಗಾಡಿ ನಿಂತಿತು. ಮಳೆಗೆ ನನಗೆ ಸಿಕ್ಕಿದ ಪದ ಎರಡು, 'ಮಿಸ್ತೆ' ಮತ್ತು 'ರೊಸ್ಸೆ'. ಎರಡರ ಅರ್ಥವೂ ತುಂತುರು, ಸೋನೆ. ಕಾರವಾರದ ಮಳೆಗೆ ತುಂತುರು ಅನ್ನುವುದೇ? ಇಲ್ಲಿ ವರ್ಷಕ್ಕೆ ಮೂರು ಸಾವಿರ ಮಿಲಿಮೀಟರ್ ಆಸುಪಾಸು ಸುರಿಯುತ್ತದೆ! ಇಂಗ್ಲೆಂಡಿನಲ್ಲಿ ಕೂತು ಬರೆದವರಿಗೆ ಅಷ್ಟೇ ಮಳೆ ಗೊತ್ತಿತ್ತೋ ಏನೋ. 'ಉಲ್ಯ' ಅಂದರೆ ಸುರಿ, ಅದರಿಂದ ಒಂದು ಪದ ಹುಟ್ಟಿಸಬಹುದಿತ್ತು. ಇಲ್ಲೇ ಈ ವಿದ್ಯೆಯ ದೊಡ್ಡ ಜಗಳಕ್ಕೆ ಕಾಲಿಟ್ಟೆ. ಒಂದು ಪಕ್ಷದವರು ಇರುವ ಧಾತುಗಳಿಂದ ಹೊಸ ಪದ ಮಾಡಿಕೊಂಡು ಈ ಭಾಷೆಯಲ್ಲಿ ಪದ್ಯ, ಪತ್ರ ಎಲ್ಲ ಬರೆಯುತ್ತಾರೆ. ಇನ್ನೊಂದು ಪಕ್ಷ ಟೋಲ್ಕೀನ್ ಏನು ಬರೆದರೋ ಅದನ್ನು ಮಾತ್ರ ಓದಿ ಅರ್ಥ ಮಾಡಿಕೊಳ್ಳಬೇಕು, ನಿಮ್ಮ ಪದ ನಿಮ್ಮದು, ಅವರದಲ್ಲ ಅನ್ನುತ್ತದೆ. ಅವರು ಬಿಟ್ಟುಹೋದ ಕಾಗದಗಳನ್ನು 'ವಿನ್ಯಾರ್ ತೆಂಗ್ವಾರ್', 'ಪಾರ್ಮ ಎಲ್ದಲಂಬೆರೊನ್' ಅಂತ ಎರಡು ಪತ್ರಿಕೆಗಳಲ್ಲಿ ಕಂತು ಕಂತಾಗಿ ಅಚ್ಚು ಹಾಕುತ್ತಾ ಬಂದಿದ್ದಾರೆ. ಪ್ರತಿ ಕಂತಿಗೂ ಯಾರದೋ ಕೋರ್ಸಿನ ಒಂದು ಪಾಠ ಹಳೆಯದಾಗುತ್ತದೆ.

ಯಾಕೆಂದರೆ ಮಾಸ್ತರು ತಿದ್ದುವುದು ನಿಲ್ಲಿಸಲೇ ಇಲ್ಲ. ಎಲ್ಫ್‌ಗಳು ಎದುರಾದಾಗ ಹೇಳುವ ಒಂದು ನಮಸ್ಕಾರದ ಮಾತಿದೆ, ನಮ್ಮ ಭೇಟಿಯ ಹೊತ್ತಿನ ಮೇಲೆ ನಕ್ಷತ್ರ ಬೆಳಗುತ್ತಿದೆ ಅಂತ. ಅದರ ಕೊನೆಯ ಪದ 1954ರಲ್ಲಿ 'ಒಮೆಂತಿಯೆಲ್ಮೊ' ಅಂತಿತ್ತು, ಮುಂದಿನ ಆವೃತ್ತಿಯಲ್ಲಿ 'ಒಮೆಂತಿಯೆಲ್ವೊ' ಆಯಿತು. ಒಂದಕ್ಷರ. ಕ್ವೆನ್ಯದಲ್ಲಿ 'ನಾವು' ಎರಡು ಬಗೆ, ಕೇಳುವವನನ್ನು ಸೇರಿಸಿ ಒಂದು, ಅವನನ್ನು ಬಿಟ್ಟು ಇನ್ನೊಂದು. ಎದುರು ನಿಂತವನ ಜೊತೆಗಿನ ಭೇಟಿಯಲ್ಲಿ ಅವನನ್ನೇ ಬಿಟ್ಟರೆ ಹೇಗೆ? ಈಗಿನ ಬರಹದ ಕನ್ನಡದಲ್ಲಿ ಈ ಭೇದ ಇಲ್ಲ. ಆದರೆ ನನ್ನ ಅಂಗಡಿಗೆ ಬರುವ ಮರಾಠಿ ಗಿರಾಕಿಗಳು ಆಪಣ್, ಆಮ್ಹೀ ಅಂತ ದಿನಾ ಇದನ್ನು ಮಾಡುತ್ತಾರೆ, ಅವರಿಗೆ ಕಲಿಸಬೇಕಾದ್ದೇ ಇಲ್ಲ. ಹಾಗೆಯೇ ಅವನು, ಅವಳು, ಅದು ಮೂರಕ್ಕೂ ಕ್ವೆನ್ಯದಲ್ಲಿ ಕ್ರಿಯಾಪದದ ಕೊನೆಗೆ ಒಂದೇ 'ಸ್'. ಹೆಂಗಸರನ್ನು 'ಅದು ಬಂತು' ಅನ್ನುವ ಹವ್ಯಕರಿಗೆ ಇದೇನು ದೊಡ್ಡ ವಿಷಯ!

ಗಾದೆಯ ಕೊನೆಯ 'ನಿಲ್ಲದು' ಇನ್ನೂ ಕೆಟ್ಟದಾಗಿ ಕೈಕೊಟ್ಟಿತು. 'ಇಲ್ಲ' ಅನ್ನುವ ಪದದ ಬಗ್ಗೆಯೇ ಟೋಲ್ಕೀನ್ ಒಮ್ಮೆ ಹೀಗೆ, ಒಮ್ಮೆ ಹಾಗೆ. 'ಲಾ' ಅಂತ ಇಟ್ಟು, ಅದನ್ನು ಕಿತ್ತುಹಾಕಿ, ಮತ್ತೆ ತಂದಿಟ್ಟಿದ್ದಾರೆ. ಕೈ ಮೇಲೆ ಶಾಶ್ವತವಾಗಿ ಬರೆಯುವುದಕ್ಕೆ ಇದು ಯಾವುದೂ ಆಗುವುದಿಲ್ಲ ಅಂತ ನನಗನ್ನಿಸಿತು.

ನಡುವೆ ಬೇಜಾರಾಗಿ ಬೇರೆ ಭಾಷೆಗಳನ್ನೂ ಮೂಸಿ ನೋಡಿದೆ. ಅಮೆರಿಕದ ಮಾರ್ಕ್ ಓಕ್ರಾಂಡ್ ಸಿನಿಮಾಕ್ಕಾಗಿ ಕಟ್ಟಿದ ಕ್ಲಿಂಗನ್‌ಗೆ 1985ರಲ್ಲೇ ನಿಘಂಟು ಬಂದಿದೆ, ಅದರಲ್ಲಿ ನಮ್ಮ ಡ ಇದೆ, ನಮ್ಮ ಷ ಇದೆ, ವಾಕ್ಯ ಮಾತ್ರ ತಲೆಕೆಳಗು, ಕರ್ಮ ಮೊದಲು, ಕರ್ತೃ ಕೊನೆಗೆ. ಬಾಹುಬಲಿಯ ಕಾಲಕೇಯರಿಗೆ ತಮಿಳಿನ ಮದನ್ ಕಾರ್ಕಿ ಮಾಡಿಕೊಟ್ಟ ಕಿಲಿಕಿಯೂ ಇದೆ. ಅವೆಲ್ಲ ನಿರ್ದೇಶಕರು ಹೇಳಿ ಮಾಡಿಸಿದ ಸರಕು, ನನ್ನ ಅಂಗಡಿಯ ಫ್ಲೆಕ್ಸಿನ ಹಾಗೆ, ತಾರೀಕಿಗೆ ಮುಗಿಯಬೇಕು. ಟೋಲ್ಕೀನರಿಗೆ ತಾರೀಕು ಕೊಡುವವರು ಯಾರೂ ಇರಲಿಲ್ಲ, ಅದಕ್ಕೇ ಮುಗಿಯಲಿಲ್ಲ.

ಆಗಸ್ಟಿನಲ್ಲಿ ಶಿರಸಿಗೆ ಹೋದೆ. ಕುಮಟಾದಿಂದ ದೇವಿಮನೆ ಘಟ್ಟ ಹತ್ತುವಾಗ ಮಳೆ ಬಿಟ್ಟಿತ್ತು, ಆದರೆ ಬಸ್ಸಿನ ತಗಡಿನ ಮೇಲೆ ಟಪ ಟಪ ನಿಲ್ಲಲಿಲ್ಲ, ಮರಗಳಿಂದ. ಕಿಟಕಿಯ ಪಕ್ಕ ಕೂತು ನೋಟ್‌ಬುಕ್ಕು ತೆಗೆದೆ. ಮಳೆ ಬೇಡ. ನಿಲ್ಲದು ಬೇಡ. ಹನಿ, ಮರ, ಬೀಳುವುದು, ಅಷ್ಟೇ ಸಾಕು. ಹನಿ 'ಲಿಂಬ', ಬಹುವಚನ ಲಿಂಬರ್. ಬೀಳು 'ಲಂತ', ಬಹುವಚನಕ್ಕೆ ಲಂತರ್. ಮರದಿಂದ, ಅಲ್ದಲ್ಲೊ.

ಲಂತರ್ ಲಿಂಬರ್ ಅಲ್ದಲ್ಲೊ. ಮರದಿಂದ ಹನಿಗಳು ಬೀಳುತ್ತಿವೆ.

ಮೂರೂ ಪದ ಅವರವೇ, ಪ್ರತ್ಯಯ ಅವರದೇ, ನಾನು ಹುಟ್ಟಿಸಿದ್ದು ಒಂದೂ ಇಲ್ಲ. ಅಕ್ಕನ ಮಗಳು ಎರಡು ಸಲ ಗಟ್ಟಿಯಾಗಿ ಹೇಳಿ ನೋಡಿದಳು. "ಗಾದೆ ಅರ್ಧ ಹೋತಲಾ ಮಾವಾ" ಅಂದಳು. ಹೋದ ಅರ್ಧ ಆಯಿಯ ಬಾಯಲ್ಲಿತ್ತು, ಇದ್ದ ಅರ್ಧ ಬರೆಯೋಣ ಅಂದೆ. ಅಕ್ಕ ಒಳಗಿನಿಂದ "ಟ್ಯಾಟೂ ಗೀಟೂ ಎಂತದೂ ಬೇಡ, ಕಾಗದದ ಮೇಲೆ ಬರ್ಕ" ಅಂತ ಕೂಗಿದಳು. ಹಾಗಾಗಿ ಟ್ಯಾಟೂ ಹೋಗಿ ಸ್ಕೂಟಿಗೆ ಸ್ಟಿಕ್ಕರ್ ಅಂತಾಯಿತು.

ವಿನೈಲ್ ಕಟಿಂಗ್ ಮಾಡುವಾಗ ನಾನೇ ಒಂದು ಎಡವಟ್ಟು ಮಾಡಿದೆ. ನೋಡಿಕೊಂಡ ಮಾದರಿ ಸಿಂದಾರಿನ್ ಬರಹದ್ದು. ಅಲ್ಲಿ ಸ್ವರ ಚಿಹ್ನೆ ಮುಂದಿನ ವ್ಯಂಜನದ ಮೇಲೆ ಕೂರುತ್ತದೆ. ಕ್ವೆನ್ಯದಲ್ಲಿ ನಮ್ಮ ಹಾಗೇ, ಯಾವ ವ್ಯಂಜನದ ಜೊತೆ ಹೇಳುತ್ತೇವೋ ಅದರ ಮೇಲೆ. ಹತ್ತು ಸ್ಟಿಕ್ಕರ್ ಕತ್ತರಿಸಿದ ಮೇಲೆ ಪ್ರೂಫ್ ನೋಡಿದೆ. ಕಾರವಾರದ ದೀರ್ಘಗಳನ್ನೆಲ್ಲ ಒಂದೊಂದು ಅಕ್ಷರ ಮುಂದಕ್ಕೆ ತಳ್ಳಿದರೆ ಕರಾವರಾ ಆಗುತ್ತದಲ್ಲ, ಹಾಗಾಗಿತ್ತು. ಹತ್ತೂ ಕಸದ ಬುಟ್ಟಿಗೆ. ಎರಡನೇ ಸಲ ಸರಿ ಬಂತು. ಅದರಲ್ಲಿ ಮ್ಬ ಒತ್ತಕ್ಷರಕ್ಕೆ ಒಂದೇ ಅಕ್ಷರ ಇದೆ, ನ್ತಕ್ಕೂ ಒಂದೇ, ಲ್ದಕ್ಕಂತೂ ಇರುವ ಅಕ್ಷರದ ಹೆಸರೇ 'ಅಲ್ದ'. ಮರ ಅಂತ ಬರೆಯಲು ಮರ ಎಂಬ ಅಕ್ಷರ. ಹೀಗೆ ನೋಡಿದರೆ ಮೂರು ಪದ ಅಂಗೈ ಅಗಲದಲ್ಲಿ ಮುಗಿಯುತ್ತವೆ.

ಉಳಿದ ಒಂದು ಸ್ಟಿಕ್ಕರನ್ನು ನನ್ನ ಕೌಂಟರಿನ ಗಾಜಿಗೆ ಅಂಟಿಸಿದೆ. ಸೆಪ್ಟೆಂಬರಿನಲ್ಲಿ ಬೈತಖೋಲದ ಬೋಟಿನ ಮಾಲೀಕರೊಬ್ಬರು ಹೆಸರು ಬರೆಸಲು ಬಂದವರು ಅದನ್ನೇ ನೋಡುತ್ತಾ ನಿಂತರು. "ಭಟ್ರೇ, ಇದು ಮೋಡಿ ಅಲ್ವಾ? ನಿಮಗೆ ಮೋಡಿ ಬರ್ತದಾ?"

ಮೋಡಿ ಅಂದರೆ ಕೈ ಎತ್ತದೆ ಬರೆಯುವ ಹಳೆಯ ಮರಾಠಿ ಲಿಪಿ. 1862ರಿಂದ 1956ರ ವರೆಗೆ ಈ ಜಿಲ್ಲೆ ಮುಂಬಯಿ ಕಡೆಗೆ ಇತ್ತು, ಇಲ್ಲಿಯ ಹಳೇ ಮನೆಗಳಲ್ಲಿ ಆ ಲಿಪಿಯ ಕಾಗದಗಳು ಸಿಗುತ್ತವೆ. ಅಲ್ಲ, ಇದು ಬೇರೆ, ಕಥೆಯಲ್ಲಿ ಬರುವ ಲಿಪಿ ಅಂದೆ. ಅವರು ನಂಬಲಿಲ್ಲ. ಮರುದಿನ ಪ್ಲಾಸ್ಟಿಕ್ ಚೀಲದಲ್ಲಿ ಸುತ್ತಿದ ನಾಲ್ಕು ಹಾಳೆ ತಂದು ಕೌಂಟರ್ ಮೇಲಿಟ್ಟರು. ಅವರ ಅಜ್ಜನ ಕಾಲದ್ದು, ಅಂಚು ಗೆದ್ದಲು ತಿಂದಿದೆ. ಜಾಗದ ವಿಷಯವೋ, ಸಾಲದ ವಿಷಯವೋ, ಮನೆಯಲ್ಲಿ ಯಾರಿಗೂ ಗೊತ್ತಿಲ್ಲ. "ಸಾವಕಾಶ ನೋಡಿ ಹೇಳಿ, ಅವಸರ ಏನಿಲ್ಲ" ಅಂದರು.

ಒಂದು ಅಕ್ಷರವೂ ನನಗೆ ಹತ್ತಲಿಲ್ಲ. ಹಾಳೆಗಳನ್ನು ಸ್ಕ್ಯಾನ್ ಮಾಡಿ ಇಟ್ಟಿದ್ದೇನೆ. ಕ್ವೆನ್ಯದ ಸ್ಪೈರಲ್ ಪುಸ್ತಕದ ಕೊನೆಯಲ್ಲಿ ಖಾಲಿ ಹಾಳೆಗಳಿದ್ದವು, ಅಲ್ಲಿ ಮೊನ್ನೆಯಿಂದ ಮೋಡಿಯ ಕ, ಖ, ಗ ತಿದ್ದುತ್ತಿದ್ದೇನೆ.